ಲಾಕ್ ಆದ ಮೇಲೆ ಬಂದ ಕಟ್

"ಪಿಕ್ಚರ್ ಲಾಕ್ ಆಯ್ತು", ಅಂದರೆ ಇನ್ನು ಕಟ್ ಬದಲಾಗದು, ಅಂದ ಎರಡು ವಾರಕ್ಕೆ ಎಡಿಟರ್ ಕಡೆಯಿಂದ ಮತ್ತೊಂದು ಫೈಲ್ ಬಂತು. ಹೆಸರು 'ಫೈನಲ್ 2'. ಸಣ್ಣ ಬಜೆಟ್ಟಿನ ಚಿತ್ರಗಳಲ್ಲಿ ಇದು ಮಾಮೂಲು. ಕಟ್ ಬದಲಾದರೆ ಹಿನ್ನೆಲೆ ಸಂಗೀತವನ್ನೂ ಅದಕ್ಕೆ ಹೊಂದಿಸಬೇಕು. ದೊಡ್ಡ ಚಿತ್ರವಾದರೆ ಇಂಥ ರಿಪೇರಿಗೆ ಮ್ಯೂಸಿಕ್ ಎಡಿಟರ್ ಇರುತ್ತಾರೆ. ಇಲ್ಲಿ ರಾಗ ಕಟ್ಟುವುದರಿಂದ ಹಿಡಿದು ಫೈಲಿಗೆ ಹೆಸರಿಡುವವರೆಗೆ ಎಲ್ಲ ಸಂಗೀತ ಸಂಯೋಜಕರೊಬ್ಬರ ತಲೆಮೇಲೇ.

ಬೆಳಿಗ್ಗೆ ಸಂಗೀತ ಮುಟ್ಟಲಿಲ್ಲ. ಮೊದಲು ಫ್ರೇಮ್ ರೇಟ್ (ಸೆಕೆಂಡಿಗೆ ಎಷ್ಟು ಫ್ರೇಮ್ ಅನ್ನುವುದು) ನೋಡಿದ್ದು. 24ರ ಜಾಗದಲ್ಲಿ 23.976 ಬಂದಿದ್ದರೆ ಸಂಗೀತ ದೃಶ್ಯದಿಂದ ಗಂಟೆಗೆ 3.6 ಸೆಕೆಂಡ್ ಜಾರುತ್ತದೆ. ಆರಂಭದಲ್ಲಿ ಗೊತ್ತೇ ಆಗದು, ಕೊನೆಯ ದೃಶ್ಯದಲ್ಲಿ ಮಾನ ಹೋಗುತ್ತದೆ. ಅದು ಸರಿ ಇತ್ತು. ಆಮೇಲೆ ಹಳೆಯ ಕಟ್ಟನ್ನೂ ಹೊಸದನ್ನೂ ಅಕ್ಕಪಕ್ಕ ಓಡಿಸಿದಾಗ ಸಿಕ್ಕಿದ್ದು ಒಂದೇ ಬದಲಾವಣೆ: 2ಎಂ3, ಅಂದರೆ ಎರಡನೇ ರೀಲಿನ ಮೂರನೇ ಕ್ಯೂನಲ್ಲಿ (ಕ್ಯೂ ಅಂದರೆ ಒಂದು ದೃಶ್ಯಕ್ಕೆ ಕೂರಿಸಿದ ಸಂಗೀತದ ತುಣುಕು), 30 ಫ್ರೇಮ್ ಮಾಯ.

"ಒಂದೇ ಸೆಕೆಂಡ್ ತಾನೇ, ಮ್ಯೂಸಿಕ್ ಅದೇ ಇರಲಿ" ಅಂದರು ನಿರ್ದೇಶಕರು.

ಆ ಕ್ಯೂ ಬಾಗಿಲು ಮುಚ್ಚಿದಾಗ ಶುರುವಾಗಿ, ಕಾಗದ ಮಡಿಚುವ ಕ್ಷಣಕ್ಕೆ ಒಂಬತ್ತನೇ ಬಾರಿನ (ಬಾರ್ ಅಂದರೆ ಇಲ್ಲಿ ನಾಲ್ಕು ಬೀಟಿನ ಒಂದು ಆವರ್ತ) ಮೊದಲ ಬೀಟ್ ಬೀಳುವಂತೆ ಕೂರಿಸಿದ್ದು. ನಡುವೆ 22.5 ಸೆಕೆಂಡ್, 32 ಬೀಟ್, ಟೆಂಪೊ ನಿಮಿಷಕ್ಕೆ 85.33 ಬೀಟ್. ಈಗ ಉಳಿದದ್ದು 21.25 ಸೆಕೆಂಡ್. 32 ಬೀಟನ್ನೂ ತುರುಕಿದರೆ ಟೆಂಪೊ 90 ದಾಟುತ್ತದೆ. ಕೀಬೋರ್ಡಿನಿಂದ ನುಡಿಸಿದ ವಾದ್ಯಗಳು ಟೆಂಪೊ ಹೇಳಿದಂತೆ ಕೇಳುತ್ತವೆ. ಮೈಕ್ ಇಟ್ಟು ರೆಕಾರ್ಡ್ ಮಾಡಿದ ಚೆಲ್ಲೊ ಕೇಳುವುದಿಲ್ಲ. ಸುಮಾರು ಆರು ಪರ್ಸೆಂಟ್ ಹಿಂಡಿದರೆ ಕಮಾನು ತಂತಿಗೆ ತಾಗುವ ಆ ಮೊದಲ ಗೀರು ಕೃತಕವಾಗುತ್ತದೆ. ದೃಶ್ಯಕ್ಕೂ ಸುಮ್ಮನೆ ಅವಸರ.

ದಾರಿ ಬೇರೆ ಇತ್ತು. ಒಂದು ಬಾರಿನಲ್ಲಿ ನಾಲ್ಕರ ಬದಲು ಎರಡೇ ಬೀಟ್ ಇಟ್ಟರೆ ಒಟ್ಟು 30, ಟೆಂಪೊ 84.7. ವ್ಯತ್ಯಾಸ ಒಂದು ಪರ್ಸೆಂಟೂ ಇಲ್ಲ, ಅಷ್ಟು ಎಳೆದರೆ ಚೆಲ್ಲೊಗೆ ಏನೂ ಆಗದು. ಕತ್ತರಿಸಿದ್ದು ಆರನೇ ಬಾರಿನಲ್ಲಿ, ಕಮಾನು ದಿಕ್ಕು ಬದಲಿಸುವ ಕಡೆ, 15 ಮಿಲಿಸೆಕೆಂಡ್ ಕ್ರಾಸ್‌ಫೇಡ್ (ಒಂದು ತುದಿ ಇಳಿಯುತ್ತ ಇನ್ನೊಂದು ಏರುವುದು) ಕೊಟ್ಟು. ರಿವರ್ಬ್ (ಪ್ರತಿಧ್ವನಿಯ ಗುಂಗು) ಇಲ್ಲದ ಟ್ರ್ಯಾಕ್ ಬೇರೆ ಉಳಿಸಿದ್ದರಿಂದ ಬಚಾವ್. ರಿವರ್ಬ್ ಸೇರಿಸಿಯೇ ಇಳಿಸಿದ ಟ್ರ್ಯಾಕನ್ನು ಕತ್ತರಿಸಿದರೆ ಹಿಂದಿನ ಸ್ವರದ ಬಾಲ ತುಂಡಾಗಿ ಎದ್ದು ಕೇಳುತ್ತದೆ.

ಮಧ್ಯಾಹ್ನ ಸ್ಟೆಮ್ ಇಳಿಸುವ ಕೆಲಸ: ತಂತಿವಾದ್ಯ, ಪಿಯಾನೊ, ತಾಳವಾದ್ಯ, ರಿವರ್ಬ್ ಬೇರೆ ಬೇರೆ. 48 ಕಿಲೋಹರ್ಟ್ಸ್, 24 ಬಿಟ್, ಎಲ್ಲದರ ಆರಂಭ ಒಂದೇ ಟೈಮ್‌ಕೋಡಿಗೆ. ನಾಲ್ಕನ್ನೂ ಕೂಡಿಸಿ, ಪೂರ್ಣ ಮಿಕ್ಸನ್ನು ಫೇಸ್ ತಿರುಗಿಸಿ (ಧ್ವನಿಯ ಅಲೆಯನ್ನು ತಲೆಕೆಳಗು ಮಾಡಿ) ಎದುರಿಟ್ಟರೆ ನಿಶ್ಶಬ್ದ ಬರಬೇಕು. ಬರಲಿಲ್ಲ. ಮಾಸ್ಟರ್ ಮೇಲೆ ಲಿಮಿಟರ್ (ಮಿತಿ ಮೀರುವ ಸದ್ದನ್ನು ಒತ್ತುವ ಸಾಧನ) ಮರೆತು ಉಳಿದಿತ್ತು. ಪೂರ್ಣ ಮಿಕ್ಸಿನಲ್ಲಿ ಅದು ಒತ್ತುವುದು ಒಂದು ಲೆಕ್ಕ, ಬಿಡಿ ಸ್ಟೆಮ್ಮುಗಳಲ್ಲಿ ಇನ್ನೊಂದು. ತೆಗೆದು ಮತ್ತೆ ಇಳಿಸಿದ್ದು.

ಕೊನೆಗೆ ಕ್ಯೂ ಶೀಟ್. ಚಿತ್ರ ಟಿವಿಯಲ್ಲಿ ಬಂದರೆ ರಾಯಲ್ಟಿ ಲೆಕ್ಕಕ್ಕೆ ಬೇಕಾಗುವುದು ಇದೇ ಪಟ್ಟಿ. 2ಎಂ3 ಎದುರಿನ ಅವಧಿ ತಿದ್ದಿ ಕಳಿಸಿದ್ದಾಯಿತು. ಹಳೆಯ 32 ಬೀಟಿನ ಪ್ರಾಜೆಕ್ಟನ್ನು ಮಾತ್ರ ಅಳಿಸಲಿಲ್ಲ. 'ಫೈನಲ್ 3' ಬಂದು ಆ 30 ಫ್ರೇಮ್ ವಾಪಸಾದರೂ ಆದೀತು.