ದಂಡದ ರಸೀದಿ ಯಾರ ಪರ ಸಾಕ್ಷಿ?

ಅಕ್ಕಿ ಚೀಲದಿಂದ ಆ ರೈತರು ರಸೀದಿಗಳನ್ನು ಒಂದೊಂದಾಗಿ ತೆಗೆದು ನನ್ನ ಮೇಜಿನ ಮೇಲೆ ಜೋಡಿಸಿದರು. ಅಂಚು ಗೆದ್ದಲು ತಿಂದಿತ್ತು, ಆದರೂ ತಹಶೀಲ್ದಾರ್ ಕಚೇರಿಯ ಸೀಲು ಕಾಣುತ್ತಿತ್ತು. "ನೋಡಿ ಸಾರ್, ನಮ್ಮಪ್ಪನ ಕಾಲದಿಂದ ಕಟ್ಟಿದ್ದೀವಿ. ಜಮೀನು ನಮ್ಮದಲ್ಲದಿದ್ರೆ ಸರ್ಕಾರ ಯಾಕೆ ದುಡ್ಡು ಇಸ್ಕೊಳ್ತಿತ್ತು?"

2 ಎಕರೆ 10 ಗುಂಟೆ. ಪಹಣಿಯಲ್ಲಿ ಮಾಲೀಕರ ಹೆಸರು ಬರುವ 9ನೇ ಕಾಲಂನಲ್ಲಿ 'ಸರ್ಕಾರಿ ಗೋಮಾಳ'. 1985ರಿಂದ ಅಪ್ಪ, ಆಮೇಲೆ ಮಗ ರಾಗಿ ಬೆಳೆದಿದ್ದರು. ಭೂ ಕಂದಾಯ ಕಾಯ್ದೆ 1964ರ 104ನೇ ಕಲಂ ಅಡಿ ತೆರವಿನ ನೋಟಿಸ್ ಬಂದಿತ್ತು, ಗಡುವು ಏಳೇ ದಿನ. ಆಗ ನಾನು ಸ್ವಂತ ವಕೀಲಿ ಕಚೇರಿ ತೆರೆದು ಎರಡು ವರ್ಷವಾಗಿತ್ತು. ಸರ್ಕಾರದ ಮೇಲೆ ದಾವೆ ಹಾಕಲು 2 ತಿಂಗಳ ಮುಂಚಿತ ನೋಟಿಸ್ ಬೇಕು. ಅಷ್ಟು ಸಮಯ ಇರಲಿಲ್ಲ, ಹಾಗಾಗಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 80(2)ರಲ್ಲಿ ಅನುಮತಿ ಕೇಳಿ ಮೂರೇ ದಿನದಲ್ಲಿ ದಾವೆ ಹಾಕಿದೆ. 30 ವರ್ಷ ಮೀರಿದ ಅನುಭವ, ಆದ್ದರಿಂದ ಪ್ರತಿಕೂಲ ಸ್ವಾಧೀನದಿಂದ, ಅಂದರೆ ಮಾಲೀಕನಿಗೆ ಎದುರಾಗಿ ದೀರ್ಘಕಾಲ ಅನುಭವಿಸಿದ್ದರಿಂದಲೇ, ಹಕ್ಕು ಬಂದಿದೆ ಎಂದು ಬರೆದೆ. ರಸೀದಿಗಳನ್ನೆಲ್ಲ ದಾಖಲೆಯಾಗಿ ಹಾಜರುಪಡಿಸಿದೆ.

ತಡೆಯಾಜ್ಞೆ ಅರ್ಜಿಯ ವಾದದ ದಿನ ಸರ್ಕಾರಿ ವಕೀಲರು ಬೇರೇನೂ ಮಾಡಲಿಲ್ಲ. ನಾನೇ ಕೊಟ್ಟ ರಸೀದಿ ಎತ್ತಿಕೊಂಡು ಓದಿದರು: "ಸರ್ಕಾರಿ ಜಮೀನಿನ ಅನಧಿಕೃತ ಸಾಗುವಳಿಗೆ ದಂಡ." ಆಮೇಲೆ ಕಡತದಿಂದ ಇನ್ನೊಂದು ಹಾಳೆ ತೆಗೆದರು. 1999ರಲ್ಲಿ ನನ್ನ ಕಕ್ಷಿದಾರರ ತಂದೆ ಕೊಟ್ಟಿದ್ದ ನಮೂನೆ 53ರ ಅರ್ಜಿ, ಅಂದರೆ ಅನಧಿಕೃತ ಸಾಗುವಳಿಯನ್ನು ಸಕ್ರಮ ಮಾಡಿ ಜಮೀನು ಮಂಜೂರು ಮಾಡಿ ಎನ್ನುವ ಅರ್ಜಿ. ಅದರ ವಿಷಯ ನಾನು ಕೇಳಿರಲಿಲ್ಲ, ಅವರು ಹೇಳಿರಲಿಲ್ಲ.

ನಾನು ನಿಂತಲ್ಲೇ ತಣ್ಣಗಾದೆ. ದಂಡ ಕಟ್ಟಿದವನು ಜಮೀನು ಸರ್ಕಾರದ್ದೆಂದು ಒಪ್ಪಿದ ಹಾಗೆ. ಸಕ್ರಮಕ್ಕೆ ಅರ್ಜಿ ಹಾಕಿದವನೂ ಅಷ್ಟೇ. ಪ್ರತಿಕೂಲ ಸ್ವಾಧೀನಕ್ಕೆ ಬರೀ ಉತ್ತಿದರೆ ಸಾಲದು, ನಿಜವಾದ ಮಾಲೀಕನಿಗೆ ಎದುರಾಗಿ, ಬಹಿರಂಗವಾಗಿ 'ಇದು ನನ್ನದು' ಎಂದು ಉತ್ತಿರಬೇಕು. ಸರ್ಕಾರದ ವಿಷಯದಲ್ಲಿ ಅದಕ್ಕೆ 30 ವರ್ಷ. ಒಂದು ಕೈಯಲ್ಲಿ 'ದಯವಿಟ್ಟು ಮಂಜೂರು ಮಾಡಿ' ಎನ್ನುವ ಅರ್ಜಿ, ಇನ್ನೊಂದರಲ್ಲಿ 'ನಾನೇ ಮಾಲೀಕ' ಎನ್ನುವ ದಾವೆ. ಎರಡೂ ಒಟ್ಟಿಗೆ ನಿಲ್ಲುವುದಿಲ್ಲ. ತಡೆಯಾಜ್ಞೆ ಅರ್ಜಿ ವಜಾ ಆಯಿತು.

ಹಕ್ಕಿನ ಬಗ್ಗೆ ನಿಜವಾದ ತಕರಾರಿದ್ದರೆ ಸರ್ಕಾರ ಸಂಕ್ಷಿಪ್ತ ವಿಚಾರಣೆಯಲ್ಲಿ ತೆರವು ಮಾಡುವಂತಿಲ್ಲ, ಸಿವಿಲ್ ಕೋರ್ಟಿಗೇ ಹೋಗಬೇಕು ಎಂದು 1982ರಲ್ಲಿ ಆಂಧ್ರದ ತುಮ್ಮಲ ಕೃಷ್ಣರಾವ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ನಾನು ಅದನ್ನು ನೆಚ್ಚಿಕೊಂಡಿದ್ದೆ. ಆದರೆ ನಮ್ಮ ದಾಖಲೆಯೇ ತಕರಾರಿಲ್ಲ ಎನ್ನುತ್ತಿತ್ತಲ್ಲ!

ಕೊನೆಗೆ ನಮ್ಮನ್ನು ಕಾಪಾಡಿದ್ದು, ಸೋಲಿಸಿದ ಆ ನಮೂನೆ 53. ದಾವೆ ವಾಪಸ್ ಪಡೆದು ಹೈಕೋರ್ಟಿಗೆ ರಿಟ್ ಹಾಕಿದೆವು. ಜಮೀನು ನಮ್ಮದು ಎನ್ನಲಿಲ್ಲ. ಸಕ್ರಮದ ಅರ್ಜಿಗಳನ್ನು ತೀರ್ಮಾನಿಸುವ ಬಗರ್ ಹುಕುಂ ಸಮಿತಿಯ ಮುಂದೆ ಅರ್ಜಿ ಬಾಕಿ ಇದೆ, ಅದು ತೀರ್ಮಾನ ಆಗುವವರೆಗೆ ಎಬ್ಬಿಸಬೇಡಿ ಎಂದಷ್ಟೇ ಕೇಳಿದೆವು. ಅಷ್ಟು ಸಿಕ್ಕಿತು.

ಈಗ ಇಂಥ ಕೇಸ್ ಬಂದರೆ ಮೊದಲು ಕೇಳುವುದು ಸಕ್ರಮಕ್ಕೆ ನಮೂನೆ 50, 53, 57 ಯಾವುದಾದರೂ ಹಾಕಿದ್ದೀರಾ ಅಂತ. ಸಾಗುವಳಿ ಚೀಟಿ (ಜಮೀನು ಮಂಜೂರಾದ ಪತ್ರ) ಇದ್ದರೆ ದಾರಿ ಬೇರೆ. ಇಲ್ಲದಿದ್ದರೆ ಆಕಾರ್‌ಬಂದ್ (ಸರ್ವೆ ನಂಬರಿನ ವಿಸ್ತೀರ್ಣ, ಖರಾಬು ತೋರಿಸುವ ದಾಖಲೆ), ಗ್ರಾಮ ನಕಾಶೆ ತರಿಸುತ್ತೇನೆ. 'ಬ' ಖರಾಬು (ಸಾರ್ವಜನಿಕ ಬಳಕೆಗೆ ಬಿಟ್ಟ ಜಾಗ), ಕೆರೆ ಅಂಗಳ, ದಾರಿ ಎಂದಿದ್ದರೆ ಸಕ್ರಮದ ಆಸೆ ಇಟ್ಟುಕೊಳ್ಳಬೇಡಿ ಎಂದು ಅಲ್ಲೇ ಹೇಳುತ್ತೇನೆ, ಫೀಸು ಹೋದರೂ ಸರಿ. ಗೋಮಾಳಕ್ಕೂ ಲೆಕ್ಕ ಇದೆ: ನೂರು ಜಾನುವಾರಿಗೆ 12 ಹೆಕ್ಟೇರ್, ಅಂದರೆ ಸುಮಾರು 30 ಎಕರೆ ಮೇವಿಗೆ ಉಳಿಯಬೇಕು. ಊರಿನ ಸಾಮೂಹಿಕ ಜಮೀನಿನ ಒತ್ತುವರಿ ತೆರವು ಮಾಡಿ ಎಂದು 2011ರ ಜಗಪಾಲ್ ಸಿಂಗ್ ತೀರ್ಪು ಎಲ್ಲ ರಾಜ್ಯಗಳಿಗೂ ಹೇಳಿದೆ, ಅದು ಸರಿಯೆಂದೇ ನನ್ನ ಅಭಿಪ್ರಾಯ. ಆದರೆ ಅದೇ ತೀರ್ಪು ಭೂರಹಿತ ಕೂಲಿಕಾರರಿಗೆ, ಪರಿಶಿಷ್ಟರಿಗೆ ಸರ್ಕಾರಿ ಅಧಿಸೂಚನೆಯಡಿ ಕೊಟ್ಟ ಗುತ್ತಿಗೆಯಂಥ ಸಂದರ್ಭಗಳಿಗೆ ವಿನಾಯಿತಿಯನ್ನೂ ಉಳಿಸಿದೆ. ನೋಟಿಸ್ ಬರೆಯುವವರು ಆ ಸಾಲನ್ನೂ ಓದಬೇಕು.

ಹೋದ ವಾರ ಆ ರೈತರು ಫೋನ್ ಮಾಡಿದ್ದರು. ಸಮಿತಿ ಸಭೆ ಮತ್ತೆ ಮುಂದೆ ಹೋಗಿದೆಯಂತೆ. ಮಳೆ ಬಿದ್ದಿದೆ, ಬಿತ್ತಬಹುದಾ ಎಂದು ಕೇಳಿದರು. ಆದೇಶದ ಪ್ರತಿ ಜೇಬಲ್ಲಿ ಇಟ್ಟುಕೊಂಡು ಬಿತ್ತಿ ಎಂದೆ.