ಸಾನಕುದ, ಸಣ್ಣ ಕುದ್ರು

ರಂಭಾದ ಜೆಟ್ಟಿಯಲ್ಲಿ ದೋಣಿ ಹತ್ತುವ ಮೊದಲೇ ಅಪ್ಪಯ್ಯ ಬಗ್ಗಿ, ನೀರಿಗೆ ಬೆರಳದ್ದಿ ನಾಲಗೆಗೆ ತಾಗಿಸಿಕೊಂಡರು. ಒಂದು ಗಳಿಗೆ ಸುಮ್ಮನೆ ನಿಂತು, "ಉಪ್ಪ್ ಇತ್ತ್. ಆರೆ ಕಡಲ್ ಉಪ್ಪಲ್ಲ. ಅಳಿವೆ ದೂರ ಇತ್ತ್ ಕಾಣ್ ಹೆಣೆ" ಎಂದರು. ನಾನು ಮೊಬೈಲಿನಲ್ಲಿ ನಕ್ಷೆ ತೆರೆದೆ. ಒಡಿಶಾದ ಚಿಲಿಕಾ ಸರೋವರ ಕಡಲಿಗೆ ಬಾಯಿ ತೆರೆಯುವುದು ಸಾತಪಡಾದ ಕಡೆ. ನಾವು ನಿಂತಿದ್ದದ್ದು ಸರೋವರದ ತೆಂಕಣ ಮೂಲೆಯಲ್ಲಿ. ಅವರು ನಾಲಗೆಯಲ್ಲಿ ಹೇಳಿದ್ದು ನಕ್ಷೆಯಲ್ಲೂ ಹಾಗೆಯೇ ಇತ್ತು.

ಅಪ್ಪಯ್ಯ ಗಂಗೊಳ್ಳಿಯ ಹೊಳೆಸಾಲಿನವರು. ಐದು ಹೊಳೆಗಳು ಕೂಡಿ ಕಡಲಿಗೆ ಬೀಳುವ ಆ ನೀರಿನಲ್ಲಿ ವರ್ಷಗಟ್ಟಲೆ ಕಡವಿನ ದೋಣಿ ನಡೆಸಿದವರು. ಸೇತುವೆಗಳು ಬಂದವು, ಕಡವು ನಿಂತಿತು, ದೋಣಿ ಮಾರಿದರು. ಆಮೇಲೆ ಅವರು ನೀರಿನ ಮಾತು ಆಡುವುದೇ ಕಮ್ಮಿಯಾಯಿತು. ನಾನು ವರ್ಗವಾಗಿ ಭುವನೇಶ್ವರಕ್ಕೆ ಬಂದು ಎರಡು ವರ್ಷದ ಮೇಲೆ, ಹೋದ ಫೆಬ್ರವರಿಯಲ್ಲಿ, ಅವರನ್ನು ಪ್ರಶಾಂತಿ ಎಕ್ಸ್‌ಪ್ರೆಸ್‌ನಲ್ಲಿ ಜೊತೆಗೆ ಕರೆತಂದೆ. ಬ್ರಹ್ಮಪುರ ದಾಟಿದ ಮೇಲೆ ರೈಲು ಚಿಲಿಕಾದ ದಡ ಹಿಡಿದೇ ಓಡುತ್ತದೆ. ಕಿಟಕಿಯಾಚೆ ನೀರು, ನೀರಿನ ನಡುವೆ ಗುಡ್ಡದಂಥ ದ್ವೀಪಗಳು. ನಿದ್ದೆಯಲ್ಲಿದ್ದವರು ಎದ್ದು ಕೂತು ಬಾಲುಗಾಂವ್ ಬರುವವರೆಗೂ ಕಣ್ಣು ಕೀಳಲಿಲ್ಲ. "ಇದ್ ಯಾವ್ ಹೊಳಿ?" ಎಂದು ಎರಡು ಸಲ ಕೇಳಿದರು. ಹೊಳೆಯಲ್ಲ, ದೊಡ್ಡ ಹಿನ್ನೀರು, ಮಳೆಗಾಲದಲ್ಲಿ 1,165 ಚದರ ಕಿಲೋಮೀಟರ್ ಹರಡುತ್ತದೆ, ಬೇಸಗೆಯಲ್ಲಿ 906ಕ್ಕೆ ಇಳಿಯುತ್ತದೆ ಎಂದೆ. "ಹಂಗಾರೆ ಮಳ್ಗಾಲ್ದಗೆ ಸಿಹಿ, ಬ್ಯಾಸ್ಗಿಯಗೆ ಉಪ್ಪು" ಎಂದರು. ಅದೂ ಸರಿಯೇ. ಪುರಿ, ಕೋಣಾರ್ಕ ಎಲ್ಲ ಮುಗಿಸಿದ ಮೇಲೆ, ಇನ್ನೇನು ನೋಡಬೇಕು ಅಪ್ಪಯ್ಯ ಎಂದರೆ, "ಆ ನೀರಿಗೆ ಹೋಪ" ಎಂದರು.

ರಂಭಾದಲ್ಲಿ ಗಂಟೆಗಿಷ್ಟು, ದ್ವೀಪಕ್ಕಿಷ್ಟು ಎಂದು ಲೆಕ್ಕ ಹಾಕಿ ಕರೆದೊಯ್ಯುವವರಿದ್ದಾರೆ. ಅಪ್ಪಯ್ಯನಿಗೆ ಅದು ಹಿಡಿಸಲಿಲ್ಲ. ಗಡಿಯಾರ ನೋಡಿ ನೀರಿಗಿಳಿದವರಲ್ಲ ಅವರು. ಕೊನೆಗೆ ಮೂವತ್ತೈದರ ಆಸುಪಾಸಿನ ಒಬ್ಬ ಮೀನುಗಾರ ಮೂರು ಸಾವಿರಕ್ಕೆ ಒಪ್ಪಿದ. ಬೆಳಗಿನಿಂದ ಸಂಜೆಯವರೆಗೆ ದೋಣಿ ನಮ್ಮದು, ಎಲ್ಲಿ ಬೇಕೋ ಅಲ್ಲಿ ನಿಲ್ಲುವುದು, ಎಷ್ಟು ಹೊತ್ತು ಬೇಕೋ ಅಷ್ಟು ಹೊತ್ತು ಇರುವುದು. ಒಂದೇ ಒಂದು ಷರತ್ತು ಹಾಕಿದ: "ಗಾಳಿ ಎದ್ದರೆ ನಾನು ಹೇಳಿದ ಹಾಗೆ." ನಾನು ಹಿಂದಿಯಿಂದ ಕನ್ನಡಕ್ಕೆ ತಂದು ಹೇಳಿದಾಗ ಅಪ್ಪಯ್ಯ ತಲೆಯಾಡಿಸಿದರು. ಆ ಷರತ್ತು ಕೇಳಿದ ಮೇಲೆಯೇ ಅವರಿಗೆ ಆತನ ಮೇಲೆ ನಂಬಿಕೆ ಬಂದದ್ದು.

ಮಂಜು ಇನ್ನೂ ಪೂರ್ತಿ ಎದ್ದಿರಲಿಲ್ಲ. ಕರಿ ಡಾಂಬರು ಬಳಿದ ಮರದ ದೋಣಿ, ಹಿಂಬದಿಯಲ್ಲಿ ಡೀಸೆಲ್ ಎಂಜಿನ್, ಪಕ್ಕದಲ್ಲಿ ಉದ್ದನೆಯ ಬಿದಿರಿನ ಗಳ. ಅಪ್ಪಯ್ಯ ಹಲಗೆಗಳ ಸಂದಿನಲ್ಲಿ ಬೆರಳಾಡಿಸಿ ನೋಡಿದರು. ಆತ ಅದನ್ನು ಗಮನಿಸಿ ನಕ್ಕು, "ಮೌಸಾ ದೋಣಿಯವರಾ?" ಎಂದು ನನ್ನನ್ನು ಕೇಳಿದ. ಮೌಸಾ ಎಂದರೆ ನಮ್ಮಲ್ಲಿ ಚಿಕ್ಕಪ್ಪನೋ ದೊಡ್ಡಪ್ಪನೋ ಆಗಬೇಕಾದವರು. ಹೌದೆಂದೆ. ಆಮೇಲೆ ಇಡೀ ದಿನ ಆತ ನನಗಿಂತ ಅವರ ಹತ್ತಿರವೇ ಹೆಚ್ಚು ಮಾತಾಡಿದ. ಅವನಿಗೆ ಒಡಿಯಾ, ಅರೆಬರೆ ಹಿಂದಿ. ಇವರಿಗೆ ಕುಂದಾಪುರ ಕನ್ನಡ ಮಾತ್ರ.

ಮೊದಲು ಕಾಣಿಸಿದ್ದು ಘಂಟಶಿಲಾ ಗುಡ್ಡದ ಹತ್ತಿರ ನೀರೊಳಗಿನ ಬಂಡೆಯ ಮೇಲೆ ಒಂಟಿಯಾಗಿ ನಿಂತ ಗೋಪುರದಂಥ ಕಂಬ. ಕಂಪನಿ ಕಾಲದಲ್ಲಿ ಗಂಜಾಂ ಕಲೆಕ್ಟರನಾಗಿದ್ದ ಸ್ನಾಡ್‌ಗ್ರಾಸ್ ಕಟ್ಟಿಸಿದ್ದು, ತುದಿಯಲ್ಲಿ ದೀಪ ಇಡಲೆಂದು. ಅದನ್ನು ಸುತ್ತು ಹಾಕಿ ಮುಂದೆ ಹೋದೆವು.

ನಂತರ ಇಳಿದದ್ದು ಪ್ರವಾಸಿಗರು ಬ್ರೇಕ್‌ಫಾಸ್ಟ್ ಐಲೆಂಡ್ ಎನ್ನುವ ದ್ವೀಪದಲ್ಲಿ. ಖಲ್ಲಿಕೋಟೆಯ ರಾಜ ಕಟ್ಟಿಸಿದ ಬಂಗಲೆಯ ಮುರುಕು ಗೋಡೆಗಳು ಇನ್ನೂ ಇವೆ. ಅದರ ನೆರಳಲ್ಲೇ ಆತ ಸ್ಟೀಲ್ ಡಬ್ಬಿ ಬಿಚ್ಚಿದ. ಪಖಾಳ. ರಾತ್ರಿಯ ಅನ್ನಕ್ಕೆ ನೀರು ಹೊಯ್ದಿಟ್ಟು ಬೆಳಿಗ್ಗೆಗೆ ತುಸು ಹುಳಿಯಾಗಿರುತ್ತದೆ. ಮೇಲೆ ಈರುಳ್ಳಿ, ಹಸಿಮೆಣಸು, ಹುರಿದ ಒಣಮೀನು. ಇಡ್ಲಿ ಕಟ್ಟಿಸಿಕೊಂಡು ಬಂದಿದ್ದೆ. ಅಪ್ಪಯ್ಯ ಇಡ್ಲಿ ಪೊಟ್ಟಣವನ್ನು ಆತನ ಕೈಗೆ ಕೊಟ್ಟು ಡಬ್ಬಿಯನ್ನು ತಮ್ಮತ್ತ ಎಳೆದುಕೊಂಡರು. ಅವರು ಮುಂಜಾನೆ ಕಡವಿಗೆ ಹೊರಡುವಾಗ ಅಮ್ಮ ಬಡಿಸುತ್ತಿದ್ದದ್ದೂ ಇದೇ, ತಂಗಳನ್ನ ಮತ್ತು ಸುಟ್ಟ ಒಣಮೀನು. ಅಮ್ಮ ಹೋಗಿ ಮೂರು ವರ್ಷ. ಬೆರಳು ನೆಕ್ಕಿಕೊಂಡು, ಡಬ್ಬಿ ಬಾಗಿಸಿ ಕೊನೆಯ ನೀರನ್ನೂ ಕುಡಿದರು. ನಾನು ನೀರಿನ ಕಡೆ ಮುಖ ತಿರುಗಿಸಿ ಕೂತೆ.

ಈ ದ್ವೀಪದ ನಿಜವಾದ ಹೆಸರೇನು ಎಂದು ಆಗಲೇ ಕೇಳಿದ್ದು. "ಸಾನಕುದ" ಎಂದ. ಎದುರಿನ ದೊಡ್ಡದನ್ನು ತೋರಿಸಿ, "ಅದು ಬಡಕುದ." ಸಾನ ಅಂದರೆ? ಚಿಕ್ಕದು. ಕುದ ಅಂದರೆ? ನೀರಿನ ನಡುವಿನ ದಿಬ್ಬ, ದ್ವೀಪ. ಅಪ್ಪಯ್ಯ ತಿನ್ನುವುದನ್ನು ನಿಲ್ಲಿಸಿ ನನ್ನನ್ನೇ ನೋಡುತ್ತಿದ್ದರು. "ಸಣ್ಣ ಕುದ್ರು" ಎಂದರು ಮೆಲ್ಲಗೆ. ನಮ್ಮ ಹೊಳೆಯಲ್ಲಿರುವ ದ್ವೀಪಗಳಿಗೆಲ್ಲ ನಾವು ಕುದ್ರು ಎಂದೇ ಹೇಳುವುದು. ಎರಡು ಮಾತಿಗೂ ಬೇರು ಒಂದೇ ಎಂದು ಹೇಳುವಷ್ಟು ಪಾಂಡಿತ್ಯ ನನಗಿಲ್ಲ, ಕಿವಿಗೆ ಬಿದ್ದದ್ದನ್ನು ಹೇಳುತ್ತಿದ್ದೇನೆ. ಆದರೆ ಒಂದು ಸಾವಿರ ಕಿಲೋಮೀಟರಿಗೂ ದೂರದ ಇನ್ನೊಂದು ಕರಾವಳಿಯಲ್ಲಿ ತನ್ನ ಮನೆಯಂಗಳದ ಶಬ್ದ ಕೇಳಿದ ಮುದುಕನ ಮುಖವನ್ನು ನಾನು ಕಣ್ಣಾರೆ ಕಂಡೆ. ದೋಣಿಯವನಿಗೆ ಅವರು "ಕುದ್ರು, ಕುದ್ರು" ಎಂದು ಹೇಳಿಕೊಟ್ಟರು. ಆತ "ಕುದುರು" ಎಂದು ತಿರುಗಿ ಹೇಳಿದ.

ಬಡಕುದದಲ್ಲಿ ಹೆಚ್ಚು ಹೊತ್ತು ಕಳೆದೆವು. ಪ್ರವಾಸಿಗರಿಗೆ ಇದು ಹನಿಮೂನ್ ಐಲೆಂಡ್. ನನಗೆ ಇದು ಬೇರೆ ಕಾರಣಕ್ಕೆ ಮುಖ್ಯ. 1917ರಲ್ಲಿ ಪ್ರಾಣಿಶಾಸ್ತ್ರಜ್ಞ ನೆಲ್ಸನ್ ಆನಂಡೇಲ್ ಇಲ್ಲಿಂದ ಕಾಲಿಲ್ಲದ ಒಂದು ಹಾವುರಾಣಿಯನ್ನು ಲೋಕಕ್ಕೆ ಪರಿಚಯಿಸಿದ. ಅದಕ್ಕಿಟ್ಟ ಹೆಸರಲ್ಲೇ ಈ ದ್ವೀಪವಿದೆ: ಬರ್ಕುಡಿಯಾ ಇನ್ಸುಲಾರಿಸ್. ಮಣ್ಣಿನಡಿ ಬದುಕುವ, ಎರೆಹುಳುವೆಂದೇ ಕಾಣುವ ಜೀವಿ. ನಾವು ಅದನ್ನು ನೋಡಲಿಲ್ಲ, ಹುಡುಕಲೂ ಇಲ್ಲ. ಆಲದ ಬೇರುಗಳ ಕೆಳಗೆ ಎಲ್ಲೋ ಇದೆ ಎಂದುಕೊಂಡು ಹೆಜ್ಜೆಯನ್ನು ಮಾತ್ರ ಹಗುರವಾಗಿ ಇಟ್ಟೆ.

ದಡದ ನೀರು ಕನ್ನಡಿಯಷ್ಟು ತಿಳಿ. ಮೊಣಕಾಲುದ್ದ ನೀರಲ್ಲಿ ನಿಂತು ಬಗ್ಗಿ ನೋಡಿದರೆ ತಳದಲ್ಲಿ ಕೆಂಪು ಪಾಚಿ, ಹಸಿರು ಪಾಚಿ, ಅಲೆ ಬಂದಾಗೆಲ್ಲ ಒಂದೇ ಕಡೆಗೆ ಬಾಗಿ ಮತ್ತೆ ನೆಟ್ಟಗಾಗುತ್ತಿತ್ತು. ಕೆಂಪಿನದು ಕೂದಲೆಳೆಯ ಹಾಗೆ, ಹಸಿರಿನದು ಒದ್ದೆ ಕಾಗದದ ಹಾಗೆ. ಅದರ ಸಂದಿನಲ್ಲಿ ಉಗುರಿನಷ್ಟು ಸಣ್ಣ ಸೀಗಡಿಯೊಂದು ಮೈಯೆಲ್ಲ ಗಾಜು, ಕಣ್ಣೆರಡು ಮಾತ್ರ ಕಪ್ಪು, ಹಿಂದಕ್ಕೆ ಚಿಮ್ಮಿ ಮರೆಯಾಯಿತು. ಅಪ್ಪಯ್ಯ ಇಲ್ಲೂ ಬೆರಳದ್ದಿ ರುಚಿ ನೋಡಿದರು. "ಜೆಟ್ಟಿ ಹತ್ರಕ್ಕಿಂತ ಒಂದ್ ಚೂರ್ ಜಾಸ್ತಿ" ಎಂದರು. ದೋಣಿಯವನೂ ಬೆರಳದ್ದಿ ನೋಡಿದ. ಇಬ್ಬರೂ ತಲೆಯಾಡಿಸಿದರು. ನನಗೆ ಎರಡೂ ಒಂದೇ ಎನಿಸಿತು.

ಉಪ್ಪಿನ ಮಾತಿನಿಂದಲೇ ಅಳಿವೆಯ ಕಥೆ ಹೊರಟಿತು. ಆತ ಚಿಕ್ಕವನಿದ್ದಾಗ ಸರೋವರದ ಬಾಯಿ ಮರಳಿನಿಂದ ಮುಚ್ಚುತ್ತ ಬಂದಿತ್ತಂತೆ. ಉಪ್ಪು ಇಳಿಯಿತು, ಕಳೆ ಬೆಳೆಯಿತು, ಮೀನು ಹೋಯಿತು. ಅಪ್ಪ ಬಲೆ ಬಿಟ್ಟು ಕೂಲಿಗೆ ಹೋದನಂತೆ. ನಾನು ಓದಿದ್ದು ಅವನ ಮಾತಿಗೆ ಜೊತೆಗೂಡಿತು. 1981ರಲ್ಲೇ ರಾಮ್ಸಾರ್ ಪಟ್ಟಿಗೆ, ಅಂದರೆ ಜಗತ್ತಿನ ಮುಖ್ಯ ಜೌಗು ನೆಲೆಗಳ ಪಟ್ಟಿಗೆ, ಸೇರಿದ ಜಾಗ ಇದು. 1993ರಲ್ಲಿ ಅಪಾಯದಲ್ಲಿರುವ ಜೌಗು ನೆಲೆಗಳ ಪಟ್ಟಿಗೆ ಬಿತ್ತು. 2000ದ ಸೆಪ್ಟೆಂಬರಿನಲ್ಲಿ ಮರಳದಿಬ್ಬ ಕಡಿದು ಹೊಸ ಬಾಯಿ ತೆರೆದರು. ಕಡಲು ಒಳಬಂತು. 2002ರಲ್ಲಿ ಚಿಲಿಕಾ ಅಪಾಯದ ಪಟ್ಟಿಯಿಂದ ಹೊರಬಂತು. "ಆ ವರ್ಷ ಅಪ್ಪ ಮತ್ತೆ ಬಲೆ ಹೊಲಿದ" ಎಂದ ದೋಣಿಯವನು. ಇದನ್ನು ಅಪ್ಪಯ್ಯನಿಗೆ ಹೇಳುವಾಗ ನನ್ನ ಗಂಟಲು ಕಟ್ಟಿತು. ನಮ್ಮ ಅಳಿವೆಯಲ್ಲೂ ಮರಳು ಕಟ್ಟುತ್ತದೆ, ದೋಣಿಗಳು ಅಲ್ಲೇ ಮಗುಚುತ್ತವೆ. ಅವರ ದೋಸ್ತಿಗಳನ್ನು ಕಡಲು ಕೊಂಡುಹೋದದ್ದು ಆಳದಲ್ಲಲ್ಲ, ಅಳಿವೆಯ ಬಾಯಿಯಲ್ಲಿ.

ಹಕ್ಕಿದ್ವೀಪ ದೂರದಿಂದ ಸುಣ್ಣ ಬಳಿದ ಹಾಗೆ ಕಂಡಿತು. ಹತ್ತಿರ ಹೋದಾಗ ತಿಳಿಯಿತು, ಬಂಡೆಗಳ ಮೇಲೆ ತಲೆಮಾರುಗಟ್ಟಲೆ ಬಿದ್ದ ಹಿಕ್ಕೆ. ನೀರುಕಾಗೆಗಳು ರೆಕ್ಕೆ ಬಿಚ್ಚಿ ಒಣಗಿಸಿಕೊಳ್ಳುತ್ತಿದ್ದವು. ಬೆಳ್ಳಕ್ಕಿಗಳು, ಬಕಗಳು. ಸಾಕಷ್ಟು ದೂರದಲ್ಲೇ ಆತ ಎಂಜಿನ್ ನಿಲ್ಲಿಸಿ ಗಳ ಊರಿದ. ಇನ್ನೊಂದು ದೋಣಿ ತೀರಾ ಹತ್ತಿರ ಹೋಗಿ ಎಲ್ಲವನ್ನೂ ಎಬ್ಬಿಸಿಬಿಟ್ಟಿತು. ಫೋಟೊ ತೆಗೆಯಲು ಇರಬೇಕು. ನನಗೆ ಸಿಟ್ಟು ಬಂತು. ದಿನವಿಡೀ ಎಲ್ಲಿ ಬೇಕಾದರೂ ಹೋಗುವ ಸ್ವಾತಂತ್ರ್ಯ ನಮಗಿತ್ತು, ಇಲ್ಲಿ ಮಾತ್ರ ಇಳಿಯುವ ಮಾತೇ ಇಲ್ಲ ಎಂದು ಆತ ಕೈಯಾಡಿಸಿದ. "ಇಳೂಕ್ ಆಗ, ಅದ್ ಅವ್ರ್ ಮನಿ" ಎಂದು ಅಪ್ಪಯ್ಯನೂ ಅದನ್ನೇ ಹೇಳಿದರು, ನಾನು ಅನುವಾದಿಸುವ ಮೊದಲೇ. ನಮ್ಮ ಗದಗದ ಮಾಗಡಿ ಕೆರೆಗೆ ಚಳಿಗಾಲದಲ್ಲಿ ಬರುವ ಪಟ್ಟೆತಲೆ ಹೆಬ್ಬಾತು ಈ ಸರೋವರಕ್ಕೂ ಬರುತ್ತದೆ. ಆದರೆ ಅದು ಇರುವುದು ಬಡಗಣ ಕಡೆ, ಅಷ್ಟು ದೂರ ಹೋಗುವ ಯೋಚನೆ ಮಾಡಲಿಲ್ಲ.

ಅಪ್ಪಯ್ಯನ ಮನಸ್ಸು ಇದ್ದದ್ದು ಕಾಳಿಜಾಯಿ ದ್ವೀಪದ ಮೇಲೆ. ಬೆಳಿಗ್ಗೆಯೇ ಆ ಕಥೆ ಕೇಳಿದ್ದರು. ಜಾಯಿ ಎಂಬ ಹುಡುಗಿಯನ್ನು ಪಾರಿಕುದಕ್ಕೆ ಮದುವೆ ಮಾಡಿಕೊಟ್ಟು, ಅಪ್ಪ ಆಕೆಯನ್ನು ಗಂಡನ ಮನೆಗೆ ಬಿಡಲು ದೋಣಿಯಲ್ಲಿ ಹೊರಟ. ನಡುನೀರಲ್ಲಿ ಬಿರುಗಾಳಿ. ದೋಣಿ ಮಗುಚಿತು. ಉಳಿದವರು ಬದುಕಿದರು, ಜಾಯಿ ಸಿಗಲಿಲ್ಲ. ಅಂದಿನಿಂದ ಆ ದ್ವೀಪದಲ್ಲಿ ಆಕೆ ಕಾಳಿಯಾಗಿ ನೆಲೆಸಿದ್ದಾಳೆ, ದೋಣಿಯವರನ್ನು ಕಾಯುತ್ತಾಳೆ. ಮಕರ ಸಂಕ್ರಾಂತಿಗೆ ಅಲ್ಲಿ ದೊಡ್ಡ ಜಾತ್ರೆ. ರಂಭಾದಿಂದ ದೂರವಾದರೂ ಮಧ್ಯಾಹ್ನದ ಮೇಲೆ ಹೋಗೋಣ ಎಂದು ಆತ ಒಪ್ಪಿದ್ದ.

ಹೊರಟು ಅರ್ಧ ಗಂಟೆ ಆಗಿರಲಿಕ್ಕಿಲ್ಲ, ಆತ ಎಂಜಿನ್ ನಿಧಾನ ಮಾಡಿದ. ನನಗೆ ಏನೂ ಕಾಣಲಿಲ್ಲ. ಬಿಸಿಲು ಹಾಗೆಯೇ ಇತ್ತು. ಅಪ್ಪಯ್ಯ ಮಾತ್ರ ಆಗಲೇ ಹಿಂದಕ್ಕೆ ತಿರುಗಿ ಕೂತಿದ್ದರು. ತೆಂಕಣ ಕಡೆ ನೀರಿನ ಮೇಲೆ ಬೂದುಬಣ್ಣದ ಗೆರೆಯೊಂದು ಎದ್ದು ನಮ್ಮತ್ತ ಬರುತ್ತಿತ್ತು. ಗೆರೆ ಹತ್ತಿರವಾದಂತೆ ನೀರಿನ ಮೈ ಒರಟಾಯಿತು, ದೋಣಿಯ ಅಂಚಿಗೆ ಅಲೆ ಹೊಡೆಯಿತು. ಆಳ ಕಮ್ಮಿಯಿದ್ದಲ್ಲಿ ಅಲೆ ಗಿಡ್ಡಾಗಿ, ಒತ್ತೊತ್ತಾಗಿ ಏಳುತ್ತದೆ. ಚಿಲಿಕಾದ ಹೆಚ್ಚಿನ ಕಡೆ ಎರಡಾಳು ನೀರು ಇಲ್ಲ, ಅದಕ್ಕೇ ಗಾಳಿಗೆ ಇದು ಇಷ್ಟು ಬೇಗ ಕೆರಳುವುದು. ಮುಖದ ಮೇಲೆ ನೀರು ಎರಚಿತು. ಆತ ಅಪ್ಪಯ್ಯನ ಮುಖ ನೋಡಿದ. ಅಪ್ಪಯ್ಯ ಅಂಗೈಯನ್ನು ಬಾಗಿಸಿ ಹಿಂದಕ್ಕೆ ತಿರುಗಿಸಿ ತೋರಿಸಿದರು. ಒಂದು ಮಾತೂ ಇಲ್ಲ. ದೋಣಿ ತಿರುಗಿತು.

ಅಷ್ಟು ದೂರ ಬಂದು ನೋಡಲಾಗಲಿಲ್ಲವಲ್ಲ ಎಂದು ನನಗೆ ಬೇಸರ. ಕಾಳಿಜಾಯಿಯ ಗುಡಿ ಇರುವ ದಿಕ್ಕನ್ನು ಕೇಳಿ ತಿಳಿದುಕೊಂಡು, ಅಪ್ಪಯ್ಯ ಆ ಕಡೆಗೆ ಕೈಮುಗಿದರು. "ಆ ಹೆಣ್ಣ್ ಹೋದ್ದೇ ಗಾಳಿಯಗೆ. ಗಾಳಿಯಗೆ ಬನಿ ಅಂದ್ ಅದ್ ಹೇಳುದಿಲ್ಲ" ಎಂದರು.

ಘಂಟಶಿಲಾದ ಮರೆಯಲ್ಲಿ ಗಾಳಿ ತಪ್ಪಿಸಿಕೊಂಡು ಒಂದು ಗಂಟೆ ಕೂತೆವು. ಅಪ್ಪಯ್ಯ ಮತ್ತು ಆತ ಹಗ್ಗದ ತುಂಡು ಹಿಡಿದು ಒಬ್ಬರಿಗೊಬ್ಬರು ಗಂಟು ಹಾಕಿ ತೋರಿಸುತ್ತಿದ್ದರು. ನೀರು ತುಸು ಇಳಿದ ಮೇಲೆ ದಡಕ್ಕೆ ಬಂದೆವು. ಆತ ಐನೂರು ರೂಪಾಯಿ ವಾಪಸು ಕೊಡಲು ಬಂದ, ಕಾಳಿಜಾಯಿಗೆ ಹೋಗಲಿಲ್ಲವಲ್ಲ ಎಂದು. ಅಪ್ಪಯ್ಯ ಅವನ ಮುಷ್ಟಿ ಮುಚ್ಚಿಸಿ, ತಮ್ಮ ಅಂಗಿಯ ಒಳಜೇಬಿನಿಂದ ಕಾಗದದ ಪೊಟ್ಟಣವೊಂದನ್ನು ತೆಗೆದರು. ಊರಿಂದ ಹೊರಡುವ ಹಿಂದಿನ ದಿನ ಕೊಲ್ಲೂರಿಗೆ ಹೋಗಿ ತಂದ ಕುಂಕುಮ. ಕೊಲ್ಲೂರಿನ ಸೌಪರ್ಣಿಕೆಯ ನೀರೇ ನಮ್ಮ ಅಳಿವೆಗೆ ಬರುವುದು. ಅದನ್ನು ಜಾಯಿಗೆ ಮುಟ್ಟಿಸಬೇಕು ಎಂದರು. ನಾನು ಹಿಂದಿಯಲ್ಲಿ ಹೇಳಿದೆ.

ಆತ ಪೊಟ್ಟಣವನ್ನು ಹಣೆಗೆ ಒತ್ತಿಕೊಂಡ. ಎಂಜಿನ್ ಪಕ್ಕದ ತಗಡಿನ ಪೆಟ್ಟಿಗೆ ತೆರೆದು, ಬೆಂಕಿಪೊಟ್ಟಣವನ್ನು ಸುತ್ತಿಟ್ಟಿದ್ದ ಪ್ಲಾಸ್ಟಿಕ್ ಚೀಲವನ್ನು ಬಿಚ್ಚಿ, ಕುಂಕುಮವನ್ನು ಅದರೊಳಗಿಟ್ಟು, ಎರಡು ಸುತ್ತು ಸುತ್ತಿ ಕಟ್ಟಿದ.

"ಮೌಸಾ, ಮಂಗಳಬಾರ" ಎಂದ.

"ಅಕ್ಕ್, ಮಂಗಳವಾರ" ಎಂದರು ಅಪ್ಪಯ್ಯ.