ಸುಳಿವಿನ ಚೀಟಿಗಳು: ಬಿಡಿಸುವುದು ಮುಗಿದು ಬರೆಯುವ ಹಂತಕ್ಕೆ

ತುಮಕೂರಿನ ನಮ್ಮ ಓದುಗುಂಪು ಪತ್ತೇದಾರಿ ಕಥೆಗಳನ್ನು ಬಿಚ್ಚಿ ನೋಡುವ ಕೆಲಸದಿಂದ ಈಗ ಒಂದು ಕಥೆ ಕಟ್ಟುವ ಕೆಲಸಕ್ಕೆ ಬಂದಿದೆ.

ಬಿಚ್ಚುವ ಕ್ರಮ ಹಳೆಯದೇ. ಪ್ರತಿ ಕಥೆಗೆ ಎರಡು ಓದು. ಮೊದಲ ಓದಿನಲ್ಲಿ ಪತ್ತೇದಾರ ಗುಟ್ಟು ಬಿಡಿಸುವುದಕ್ಕೆ ಮುಂಚೆ ನಿಲ್ಲಿಸಿ, ಯಾರ ಮೇಲೆ ಅನುಮಾನ, ಯಾಕೆ ಅಂತ ಎರಡು ಸಾಲು ಬರೆದಿಡಬೇಕು. ಎರಡನೆಯದರಲ್ಲಿ ಸುಳಿವಿಗೊಂದು ಚೀಟಿ: ಎಲ್ಲಿ ಬಂತು, ಎಲ್ಲಿ ಬಿಡಿಸಿದರು, ಅದರ ಹಿಂದಿನ ವಾಕ್ಯ ಯಾವುದು, ಮುಂದಿನದು ಯಾವುದು. ಬರೀ ಪುಟಸಂಖ್ಯೆ ಹಾಕಿದರೆ ಮುದ್ರಣ ಬದಲಾದ ಕೂಡಲೇ ಲೆಕ್ಕ ತಪ್ಪುತ್ತದೆ. 160 ಪುಟದ ಪುಸ್ತಕದಲ್ಲಿ 40ನೇ ಪುಟವನ್ನು ‘ಶೇ 25’ ಅಂತ ಬರೆದರೆ ಯಾವ ಪ್ರತಿಗೂ ಹೆಚ್ಚುಕಡಿಮೆ ಹೊಂದುತ್ತದೆ.

ಅತಿ ಹೆಚ್ಚು ಕಲಿಸಿದ್ದು ಚೀಟಿಯಲ್ಲಿ ಅಕ್ಕಪಕ್ಕದ ವಾಕ್ಯ ಬರೆಯುವ ಜಾಗ. 1892ರಲ್ಲಿ ಅಚ್ಚಾದ ಕಾನನ್ ಡಾಯ್ಲ್ ಅವರ ‘ಸಿಲ್ವರ್ ಬ್ಲೇಜ್’ ನೋಡಿ, ಲಾಯದಿಂದ ಪಂದ್ಯದ ಕುದುರೆ ಕಾಣೆಯಾಗುವ ಷರ್ಲಾಕ್ ಹೋಮ್ಸ್ ಕಥೆ (ಓದದವರು ಮುಂದಿನ ಪ್ಯಾರಾಕ್ಕೆ ಹೋಗಿ). ರಾತ್ರಿ ಏನೂ ಮಾಡದ ನಾಯಿ ಎಲ್ಲರಿಗೂ ನೆನಪಿರುತ್ತದೆ. ನಮಗೆ ಅದಕ್ಕಿಂತ ದೊಡ್ಡದಾಗಿ ಕಂಡದ್ದು ಲಾಯದ ಹುಡುಗನ ಊಟ, ಮಸಾಲೆ ಹಾಕಿದ ಕುರಿಮಾಂಸ. ಅದರಲ್ಲಿ ಅಫೀಮು ಬೆರೆಸಿ ಅವನನ್ನು ಮಲಗಿಸಿದ್ದರು. ಅಫೀಮಿನ ಪುಡಿಗೆ ರುಚಿ ಇದೆ, ಮಸಾಲೆ ಅದನ್ನು ಮುಚ್ಚುತ್ತದೆ. ಆ ರಾತ್ರಿ ಆ ಅಡುಗೆಯೇ ಆಗುವಂತೆ ಹೊರಗಿನವನು ಮಾಡಲಾರ, ಮನೆಯವರೇ ಮಾಡಬೇಕು. ಊಟದ ಮಾತು ಬಂದ ಬೆನ್ನಿಗೇ ಲೇಖಕರು ಲಾಯದಲ್ಲಿ ನಲ್ಲಿ ಇದೆ, ಕಾವಲಿನ ಹುಡುಗ ನೀರು ಬಿಟ್ಟು ಬೇರೇನೂ ಕುಡಿಯಬಾರದು ಎಂಬ ನಿಯಮ ಹೇಳುತ್ತಾರೆ. ನಮ್ಮ ಗಮನ ಕುಡಿಯುವುದರ ಕಡೆ ಹೋಗುತ್ತದೆ, ತಟ್ಟೆ ಕಣ್ಣಿಗೆ ಬೀಳುವುದಿಲ್ಲ. ಎಂಥ ಕೈಚಳಕ!

ಇದನ್ನೇ ಕನ್ನಡದಲ್ಲಿ ಮಾಡಹೊರಟರೆ ಮೊದಲು ತೊಡಕುವುದು ಕ್ರಿಯಾಪದ. ‘ಏಣಿ ಹತ್ತಿದ’ ಅಂದರೆ ಗಂಡು, ‘ಹತ್ತಿದಳು’ ಅಂದರೆ ಹೆಣ್ಣು, ಅರ್ಧ ಶಂಕಿತರು ಅಲ್ಲೇ ಕಳಚಿಬೀಳುತ್ತಾರೆ. ‘ನೆರಳೊಂದು ಹತ್ತಿತು’ ಒಂದು ಸಲ ನಡೆಯುತ್ತದೆ, ಮೂರನೇ ಸಲ ನಾಟಕವಾಗುತ್ತದೆ. ‘ಯಾರೋ ಹತ್ತಿದರು’ ಒಳ್ಳೆಯದು, ಬಹುವಚನದಲ್ಲಿ ಗಂಡುಹೆಣ್ಣು ಎರಡೂ ಅಡಗುತ್ತವೆ. ಆದರೆ ಕಥೆಯಲ್ಲೆಲ್ಲ ಏಕವಚನ ಬಳಸಿ ಇಲ್ಲೊಂದೇ ಕಡೆ ‘ದರು’ ಹಾಕಿದರೆ ಚುರುಕು ಓದುಗ ಹಿಡಿಯುತ್ತಾನೆ. ಮನೆಯ ಹಿರಿಯರಿಗೆಲ್ಲ ಮೊದಲ ಪುಟದಿಂದಲೇ ಬಹುವಚನ ಕೊಟ್ಟಿರಬೇಕು. ಅನುವಾದದಲ್ಲಿ ಇನ್ನೊಂದು ಇಕ್ಕಟ್ಟು: ಇಂಗ್ಲಿಷಿನ ‘ಬ್ರದರ್’ ಅಣ್ಣನೋ ತಮ್ಮನೋ ತೀರ್ಮಾನಿಸದೆ ಒಂದು ಸಾಲೂ ಮುಂದೆ ಹೋಗದು. ಆಸ್ತಿಯ ಕಥೆಯಲ್ಲಿ ಅದೇ ಗುಟ್ಟಾಗಿದ್ದರೆ ‘ಒಡಹುಟ್ಟಿದವನು’ ಎಂಬ ಪದವೇ ಗತಿ.

ನಮ್ಮ ಕಥೆ ತಿಪಟೂರು ಕಡೆಯ ತೋಟದ ಮನೆಯದು. ಅಟ್ಟದಲ್ಲಿ ಕೊಬ್ಬರಿಗೆ ಹಾಕಿದ ಕಾಯಿ ಕಳುವಾಗಿದೆ, ಜಾಗ ತುಂಬಲು ಹೊಸ ಕಾಯಿ ಸುರಿದಿದ್ದಾರೆ. ವರ್ಷದ ಹತ್ತಿರ ಅಟ್ಟದಲ್ಲಿದ್ದ ಕಾಯಿಯೊಳಗೆ ನೀರು ಇಂಗಿ, ಕೊಬ್ಬರಿ ಚಿಪ್ಪು ಬಿಟ್ಟು, ಅಲ್ಲಾಡಿಸಿದರೆ ಗಡಗಡ ಅನ್ನುತ್ತದೆ. ಹೊಸ ಕಾಯಿಯಲ್ಲಿ ನೀರು ಕುಲುಕುತ್ತದೆ. ಸುಳಿವು ಇಷ್ಟೇ: ಮಗುವೊಂದು ಕಾಯಿ ಎತ್ತಿ ಕಿವಿಗೆ ಹಿಡಿದು ‘ನೀರು!’ ಅನ್ನುತ್ತದೆ.

ಮೊದಲ ಕರಡಿನಲ್ಲಿ ಇದು ಕೆಟ್ಟಿತು. ತೋಟದ ಮನೆಯವರು ಆ ಸಾಲಿನಲ್ಲೇ ಗುಟ್ಟು ಹಿಡಿದರು, ಕೊಬ್ಬರಿ ಆಗುವುದನ್ನು ನೋಡದವರಿಗೆ ಕೊನೆಗೂ ತಿಳಿಯಲಿಲ್ಲ. ತಿಳಿವಳಿಕೆಯನ್ನು ಸುಳಿವಿಗೆ ಮುಂಚೆ ಕೊಡದಿದ್ದರೆ ಓದುಗನಿಗೆ ಮೋಸ. ಹಾಗಾಗಿ ಎರಡನೇ ಕರಡಿನಲ್ಲಿ ಶೇ 10ರ ಹತ್ತಿರ ಮಂಡಿಯ ಚೌಕಾಸಿ ಇಟ್ಟಿದ್ದೇವೆ: ವ್ಯಾಪಾರಿ ಕಾಯಿ ಅಲ್ಲಾಡಿಸಿ, ಗಡಗಡ ಕೇಳಿ, ಬೆಲೆಗೆ ಜಗಳ ತೆಗೆಯುತ್ತಾನೆ. ಓದುಗನ ಕಣ್ಣು ಬೆಲೆಯ ಮೇಲೆ. ಮಗುವಿನ ಮಾತು ಶೇ 45ಕ್ಕೆ ಸರಿದಿದೆ, ಅದರ ಬೆನ್ನಿಗೇ ಅಜ್ಜಿ ‘ಏಣಿಯ ಮೂರನೇ ಮೆಟ್ಟಿಲು ಮುರಿದಿದೆ, ಇಳಿಯೋ ಕೂಸೇ’ ಎಂದು ಕೂಗುತ್ತಾರೆ.

ಆ ಮುರಿದ ಮೆಟ್ಟಿಲಿಗೂ ಕಥೆಯಲ್ಲಿ ಒಂದು ಕೆಲಸ ಬೇಕು, ಇಲ್ಲದಿದ್ದರೆ ಅದು ಬರೀ ಪರದೆಯಾಗುತ್ತದೆ. ಮುಂದಿನ ವಾರ ಅದರ ಚೀಟಿ.